ಹವಾಲ್ದಾರ ಉಟ್ಟ ಹಸಿರು ಸೀರೆ

"ಡಾನ್ಸ್ ಮಾಡ್ತೀನ್ರಿ."

ಹೆಣ್ಣು ನೋಡಲು ಬಂದ ಗಂಡು ಹೀಗೆಂದದ್ದೇ ತಡ, ಭೀಮಲಿಂಗಪ್ಪನವರ ಕೈಯಲ್ಲಿದ್ದ ಚಹಾ ಬಸಿಗೆ ಚೆಲ್ಲಿತು!

ಆಂಧ್ರ ಗಡಿಯ ಆದೋನಿಯ ಹತ್ತಿ ವ್ಯಾಪಾರಿಗಳಲ್ಲಿ ಭೀಮಲಿಂಗಪ್ಪನವರದು ದೊಡ್ಡ ಹೆಸರು. ಒಬ್ಬಳೇ ಮಗಳು ಪ್ರತಿಮಾಗೆ ಇಪ್ಪತ್ತೊಂಬತ್ತು. ಎದುರು ಕೂತವನು ಕೌತಾಳಂ ಕಡೆಯ ಉರುಕುಂದಪ್ಪ, ಹದಿನೇಳು ವರ್ಷ ಮಿಲಿಟರಿಯಲ್ಲಿದ್ದು ಹವಾಲ್ದಾರನಾಗಿ ನಿವೃತ್ತಿಯಾದವನು. ಯೂನಿಫಾರ್ಮಿನ ಫೋಟೋ ನೋಡಿಯೇ ಪ್ರತಿಮಾ ಮನಸ್ಸು ಕೊಟ್ಟಿದ್ದಳು. ಆ ಫೋಟೋವನ್ನು ಇಡೀ ಓಣಿಗೆ ತೋರಿಸಿಯೂ ಆಗಿತ್ತು.

"ಡಾನ್ಸ್ ಅಂದ್ರ... ಟೈಂಪಾಸಿಗೇನಪಾ?" ಪ್ರತಿಮಾಳ ಸೋದರತ್ತೆ ಗುರುಲಿಂಗಮ್ಮ ಕೇಳಿದಳು.

"ಇಲ್ರಿ, ಅದೇ ಕೆಲಸ. ಹುಡುಗರಿಗೆ ಕಲಿಸ್ತೀನಿ. ಹೈದರಾಬಾದಿನ ಸೀರಿಯಲ್‌ನ್ಯಾಗ ಸಣ್ಣಪುಟ್ಟ ಪಾರ್ಟು ಮಾಡೀನಿ. ಬಯಲಾಟದಾಗ ಹೆಣ್ಣು ವೇಷ ಕಟ್ತೀನಿ."

ಹೆಣ್ಣು ವೇಷ!

"ಅಲ್ಲೋ ತಮ್ಮ, ಬ್ಯಾಂಕಿನ ಬಾಗಿಲ್ದಾಗ ಬಂದೂಕು ಹಿಡ್ಕೊಂಡು ನಿಂತಿದ್ರೂ ಮರ್ಯಾದಿ ಇತ್ತಲ್ಲೋ!" ಎಂದರು ಭೀಮಲಿಂಗಪ್ಪನವರು.

ನಮ್ಮ ಜನರ ಮರ್ಯಾದೆಯೇ ಹಾಗೆ ನೋಡಿ. ಬ್ಯಾಂಕಿನ ಬಾಗಿಲಲ್ಲಿ ಸ್ಟೂಲಿನ ಮೇಲೆ ಕೂತು ದಿನವಿಡೀ ತೂಕಡಿಸಿದರೂ ಅದು ಗಂಡಸಿನ ಕೆಲಸ. ಬೆವರು ಸುರಿಸಿ ಕುಣಿದರೆ ಛೀ, ಥೂ! ಆಗಸ್ಟ್ ಹದಿನೈದಕ್ಕೆ ಇದೇ ಮಹಾನುಭಾವರು ಮಾಜಿ ಸೈನಿಕನೆಂದು ಅವನಿಗೆ ಶಾಲು ಹೊದಿಸಿ ಪಕ್ಕದಲ್ಲಿ ಹಲ್ಲು ಕಿರಿದು ನಿಂತಿದ್ದರು.

ಪ್ರತಿಮಾಳೇನು ಕಡಿಮೆಯೇ? ಅಪ್ಪನ ಮಗಳು!

"ಬಂದೂಕು ಹಿಡಿದ ಕೈಗೆ ಗೆಜ್ಜಿ ಕಟ್ಕೊಳ್ಳಾಕ ನಾಚ್ಕಿ ಆಗಂಗಿಲ್ಲೇನ್ರಿ ನಿಮಗ?" ಎಂದುಬಿಟ್ಟಳು.

ಅವನು ತಲೆಯೆತ್ತಿ ಅವಳನ್ನೇ ನೋಡಿದ. ಆ ನೋಟದಲ್ಲಿ ಸಿಟ್ಟಿರಲಿಲ್ಲ. ಅವಳ ಎದೆ ಝಲ್ಲೆಂದಿತು... ಅದಕ್ಕೇ ಅವಳಿಗೆ ಇನ್ನಷ್ಟು ಸಿಟ್ಟು ಬಂತು.

"ಗೆಜ್ಜಿ ಕಾಲಿಗೆ ಕಟ್ತಾರ್ರಿ, ಕೈಗಲ್ಲ," ಎಂದ ಮೆತ್ತಗೆ. "ಭಾನುವಾರ ಸಂಜೀಕ ಕಲ್ಯಾಣ ಮಂಟಪದಾಗ ನಮ್ಮ ಆಟ ಐತಿ. ಸಿನಿಮಾ ಡೈರೆಕ್ಟರೊಬ್ರು ನನ್ನ ನೋಡಾಕ ಬರ್ತಾರ. ಅವರು ಒಪ್ಪಿದ್ರ ಸೋಮವಾರ ಹೈದರಾಬಾದಿಗೆ ಹೊಂಟೆ, ವರ್ಷಗಟ್ಲೆ ಈ ಕಡಿ ಬರಾಕ ಆಗಂಗಿಲ್ಲ. ನೀವು ಆಟ ನೋಡಿ ಹೂಂ ಅನ್ರಿ, ಇಲ್ಲಾ ಊಹೂಂ ಅನ್ರಿ. ನೋಡಲಾರ್ದ ಮಾತ್ರ ಅನಬ್ಯಾಡ್ರಿ."

ಮರುದಿನದಿಂದಲೇ ಓಣಿ ಶುರುಮಾಡಿತು. ಪಕ್ಕದ ಮನೆಯ ಸುಜಾತಾ ಕಾಂಪೌಂಡಿನ ಮೇಲಿಂದಲೇ ಇಣುಕಿದಳು. "ಏನಕ್ಕಾ, ನಿಮ್ಮ ಮಿಲಿಟ್ರಿಯೋರು ನಿನಗಿಂತ ಚಂದ ಸೀರಿ ಉಡ್ತಾರಂತಲ್ಲ?"

ಪ್ರತಿಮಾಗೆ ಮೈಯೆಲ್ಲಾ ಉರಿಯಿತು. 'ನನ್ನ ಮಾನ ಹರಾಜು ಹಾಕಿದಿಯಲ್ಲೋ... ನಿಂದು ಉಳಿಸ್ತೀನೇನು?'

ಬಜಾರಿಗೆ ಹೋಗಿ ಒಂದು ಹಸಿರು ರೇಷ್ಮೆ ಸೀರೆ, ಒಂದು ಡಜನ್ ಗಾಜಿನ ಬಳೆ ತಂದಳು. ಗಂಡಸಿಗೆ ಸೀರೆ, ಬಳೆ ಕೊಟ್ಟರೆ ಏನರ್ಥವೆಂದು ಯಾರಿಗೆ ಗೊತ್ತಿಲ್ಲ? ಬಯಲಾಟದ ನಡುವೆ ಮೆಚ್ಚಿದವರು ವೇದಿಕೆ ಹತ್ತಿ ಪಾತ್ರಧಾರಿಗೆ ಬಟ್ಟೆಬರೆ ಕೊಡುವ ಪದ್ಧತಿಯಿದೆ, ಆಯಾರ ಎನ್ನುತ್ತಾರೆ. ಆ ಹೊತ್ತಿಗೇ ಹತ್ತಿ, ನಾಲ್ಕು ಜನರೆದುರು ಇದನ್ನು ಅವನ ಮುಖಕ್ಕೆ ಹಿಡಿಯಬೇಕು. ಅದೇ ತನ್ನ ಊಹೂಂ!

ಪಾಪ, ಅವಳಿಗೆ ಗೊತ್ತಿದ್ದದ್ದು ಅಷ್ಟೇ. ಚಂದಾ ಕೊಟ್ಟು, ಮುಂದಿನ ಸಾಲಿನಲ್ಲಿ ಫೋಟೋ ತೆಗೆಸಿಕೊಂಡು, ಗಣಪತಿ ಸ್ತುತಿ ಮುಗಿಯುವ ಮೊದಲೇ ಎದ್ದು ಬರುವ ಮನೆತನ ಅದು. ಬಯಲಾಟವನ್ನು ಕೂತು ನೋಡಿದವರು ಅಲ್ಲಿ ಒಬ್ಬರೂ ಇರಲಿಲ್ಲ.

ಭಾನುವಾರ. ಸಿಪಾಯಿಯ ಹೆಂಡತಿಯ ವೇಷದಲ್ಲಿ ಉರುಕುಂದಪ್ಪ ಒಂದು ಸುತ್ತು ಕುಣಿದು ನಿಂತಿದ್ದ. ಪ್ರತಿಮಾ ಸೀರೆ, ಬಳೆಯಿಟ್ಟ ತಾಟು ಹಿಡಿದು ದಡದಡನೆ ವೇದಿಕೆ ಹತ್ತಿದಳು.

"ತಗೋರಿ! ಉಟ್ಕೋರಿ, ತೊಟ್ಕೋರಿ! ನಿಮಗ ಇದೇ ಸರಿ!"

ಅವಳು ಇನ್ನೂ ಬಾಯಿ ಮುಚ್ಚಿರಲಿಲ್ಲ, ಮೈಕಿನ ಶ್ರೀರಾಮುಲು ಕೂಗಿದ:

"ಭೀಮಲಿಂಗಪ್ಪನೋರ ಮಗಳು ಪ್ರತಿಮಮ್ಮನೋರು ನಮ್ಮ ಉರುಕುಂದಪ್ಪಗ ಸೀರಿ, ಬಳಿ ಆಯಾರ ಮಾಡ್ಯಾರ್ರೀ! ಹೆಣ್ಣು ವೇಷಕ್ಕ ಇದಕ್ಕಿಂತ ದೊಡ್ಡ ಮರ್ಯಾದಿ ಯಾವುದೈತಿ? ಹೊಡೀರಿ ಚಪ್ಪಾಳಿ!"

ಮಂಟಪವೇ ಕಿತ್ತು ಹೋಗುವಂತೆ ಚಪ್ಪಾಳೆ! ಉರುಕುಂದಪ್ಪ ತಾಟನ್ನು ಕಣ್ಣಿಗೊತ್ತಿಕೊಂಡ. ಪ್ರತಿಮಾ ಕಲ್ಲಾದಳು. ಇಳಿದು ಬಂದವಳ ಕೈ ಹಿಡಿದು ಮುದುಕಿಯೊಬ್ಬಳು, ಪಕೀರಮ್ಮ, ಪಕ್ಕದಲ್ಲಿ ಕೂರಿಸಿಕೊಂಡಳು.

"ಹೆಣ್ಣು ವೇಷ ಹೆಂಗಸ್ರಿಗೆ ಒಪ್ಪಿತಂದ್ರ ಸೀರಿ ಕೊಡ್ತಾರವ್ವ. ನಮ್ಮಂಥೋರು ರವಿಕಿ ಕಣಾ ಕೊಡ್ತೀವಿ. ನೀನು ರೇಷ್ಮಿನೇ ಕೊಟ್ಟೀ... ನಿನ್ನ ಮನಸು ದೊಡ್ಡದು, ತಾಯಿ!"

'ನನ್ನ ಮನಸ್ಸಾ...?' ಪ್ರತಿಮಾಗೆ ನೆಲ ಬಾಯಿ ಬಿಟ್ಟರೆ ಸಾಕಾಗಿತ್ತು.

ಮುಂದಿನ ದೃಶ್ಯಕ್ಕೆ ಅವನು ಅದೇ ಹಸಿರು ಸೀರೆ ಉಟ್ಟು ಬಂದ. ಸಿಪಾಯಿಯೊಬ್ಬ ಗಂಡನ ಟ್ರಂಕು ತಂದು ಅಂಗಳದಲ್ಲಿಟ್ಟು ತಲೆ ತಗ್ಗಿಸುತ್ತಾನೆ. ಹೆಂಡತಿ ಟ್ರಂಕು ನೋಡುತ್ತಾಳೆ. ಅಳುವುದಿಲ್ಲ.

"ದೂರದಿಂದ ಬಂದೀ... ಉಂಡೀಯೇನಪಾ?"

ಎಲೆ ಹಾಕಿ ಅನ್ನ ಬಡಿಸುತ್ತಾಳೆ. ಮತ್ತೆ ಬಡಿಸುತ್ತಾಳೆ. ಎಲೆ ತುಂಬಿ ನೆಲಕ್ಕೆ ಬಿದ್ದರೂ ಕೈ ನಿಲ್ಲುವುದಿಲ್ಲ. ಆಮೇಲೆ ಎದ್ದು ಕುಣಿಯುತ್ತಾಳೆ... ಹಾಡಿಲ್ಲ, ಮದ್ದಳೆಯಿಲ್ಲ, ಬರೀ ಗೆಜ್ಜೆ.

ಅಣಕಿಸಲೆಂದೇ ಬಂದಿದ್ದ ಸುಜಾತಾ ಸೆರಗು ಬಾಯಿಗಿಟ್ಟುಕೊಂಡಳು. ಭೀಮಲಿಂಗಪ್ಪನವರು ಸುಮ್ಮಸುಮ್ಮನೆ ಮೊಬೈಲ್ ನೋಡತೊಡಗಿದರು. ಪ್ರತಿಮಾ ಬಿಕ್ಕಿ ಬಿಕ್ಕಿ ಅತ್ತಳು. ಬಾಗಿಲ ಬಳಿ ಬಂದೂಕು ಹಿಡಿದು ನಿಲ್ಲಬೇಕಿತ್ತಂತೆ, ಇವನು! ಗೆಜ್ಜೆಯ ಬಗ್ಗೆ ತಾನಾಡಿದ ಮಾತು ನೆನೆದು ತನಗೇ ಹೇಸಿಗೆಯಾಯಿತು.

ಆಟ ಮುಗಿಯಿತು. ಡೈರೆಕ್ಟರು ಬಣ್ಣದ ಕೋಣೆಗೆ ಹೋಗಿ ಅವನ ಬೆನ್ನು ತಟ್ಟಿ, "ರೇಪೇ ವಚ್ಚೇಯ್, ನಾಳೆನೇ ಬಾ," ಎಂದು ಹೊರಟರು. ಇನ್ನು ಬಾಯಿಬಿಡದಿದ್ದರೆ ಅವನು ತನ್ನ ಪಾಲಿಗಿಲ್ಲ! ಪ್ರತಿಮಾ ನೇರ ಒಳಗೆ ನುಗ್ಗಿದಳು.

"ನಾನು ಆಯಾರ ಅಂತ ಕೊಡಲಿಲ್ರಿ... ನಿಮ್ಮ ಮಾನ ಕಳೀಬೇಕಂತ ಕೊಟ್ಟೆ."

"ಗೊತ್ತೈತ್ರಿ. ನಿಮ್ಮ ಮಾರಿ ನೋಡಿದ ಕೂಡ್ಲೇ ಗೊತ್ತಾತು."

"ಗೊತ್ತಿದ್ದೂ ಉಟ್ರೇನು?!"

"ನನ್ನ ಸೀರಿ ಹಳೇದಾಗಿತ್ರಿ. ಇದು ಚಲೋ ರೇಷ್ಮಿ, ಬಿಡಾಕ ಮನಸಾಗ್ಲಿಲ್ಲ."

ಅಳುತ್ತಿದ್ದವಳಿಗೆ ನಗು ಬಂದುಬಿಟ್ಟಿತು. "ಆ ಅನ್ನ ಬಡಿಸಿದಾಕಿ... ಯಾರ್ರಿ?"

ಅವನು ಗೆಜ್ಜೆ ಬಿಚ್ಚಿ ಪಕ್ಕಕ್ಕಿಟ್ಟ.

"ನನ್ನ ಜೊತಿಗಾರನ ಹೇಣ್ತಿ. ಗೋನೆಗಂಡ್ಲ ಕಡ್ಯಾಕಿ. ಟ್ರಂಕು ಒಯ್ದೋನು ನಾನೇ. ಆಕಿ ಬಡಿಸಿದ್ಲು, ನಾನು ಉಂಡೆ. ಗಂಡಸು ನೋಡ್ರಿ, ಯೂನಿಫಾರ್ಮಿನ್ಯಾಗಿದ್ದೆ... ಅಳಾಕ ಬರಲಿಲ್ಲ. ಸೀರಿ ಉಟ್ಟಾಗಷ್ಟೇ ಅಳು ಬರ್ತೈತಿ."

ಪ್ರತಿಮಾ ಕಣ್ಣೊರೆಸಿಕೊಂಡಳು. "ಆಟ ನೋಡೀನಿ. ಹೂಂ ಅಂತೀನ್ರಿ."

"ಯೋಚ್ನಿ ಮಾಡ್ರಿ. ನಾಳೆ ಓಣಿ ಮತ್ತ ನಗತೈತಿ. ಅದನ್ನ ಕೇಳಾಕ ನಿಮಗ ಆಗತೈತೇನು?"

ಉತ್ತರಿಸುವ ಮೊದಲೇ ಬಾಗಿಲಲ್ಲಿ ಗುರುಲಿಂಗಮ್ಮ ಪ್ರತ್ಯಕ್ಷ! "ಛೀ! ಸಿಗ್ಗು ಲೇದಾ ನೀಕು, ನಾಚ್ಕಿ ಇಲ್ಲೇನು? ಸೀರಿ ಉಟ್ಟೋನ ಮುಂದ ಏನ್ ಮಾಡಾಕ್ಹತ್ತೀಯೇ?"

ಪ್ರತಿಮಾ ಕೊಬ್ಬರಿ ಎಣ್ಣೆಯ ಡಬ್ಬಿ ಎತ್ತಿಕೊಂಡಳು, ಹತ್ತಿ ಅದ್ದಿದಳು.

"ಬಣ್ಣ ತೆಗಿಯಾಕ್ಹತ್ತೀನತ್ತಿ, ನನ್ನ ಗಂಡ ಆಗೋರದು. ಅಪ್ಪಗೂ ಹೇಳು, ಓಣಿಗೂ ಹೇಳು. ಮೈಕ್ ಬೇಕಂದ್ರ ಶ್ರೀರಾಮುಲು ಹೊರಗ ಅದಾನ!"

ಅತ್ತೆ ಭೀಮಲಿಂಗಪ್ಪನವರನ್ನು ಹುಡುಕಿಕೊಂಡು ಹೊರಗೋಡಿದಳು. ಪ್ರತಿಮಾ ಬಾಗಿಲು ಮುಂದೆ ಮಾಡಿ ಬಂದು ಅವನೆದುರು ಕೂತಳು.

"ಕಣ್ಣು ಮುಚ್ರಿ."

"ಯಾಕ್ರಿ?"

"ಎಣ್ಣಿ ಹೋಗತೈತಿ."

"ಮುಚ್ಚಿದ್ರ ನೀವು ಕಾಣಂಗಿಲ್ಲಲ್ರಿ..."

"ನಾನೆಲ್ಲಿ ಹೋಗ್ತೀನಿ? ಇಲ್ಲೇ ಇರ್ತೀನಿ. ಮುಚ್ಚಂದ್ರ ಮುಚ್ಚಬೇಕು!"

"ಆರ್ಡರೇನ್ರಿ?"

"ಹೂಂ... ಆರ್ಡರ್."

ಹವಾಲ್ದಾರ ಕಣ್ಣು ಮುಚ್ಚಿದ.