ಕಪ್ಪು ದಾರದ ಹಾಳೆ

"ಅಳತೆ ಪುಸ್ತಕದಲ್ಲಿ ಕಪ್ಪು ದಾರದಿಂದ ಹೊಲಿದು ಮುಚ್ಚಿರೋ ಹಾಳೆ ಬಿಚ್ಚಬೇಡಪ್ಪಾ. ಹಳೇ ಟೈಲರು ಮಾಟ ಹಾಕಿ ಕಟ್ಟಿದ್ದಾನೆ. ಅದು ಸತ್ತವರ ಅಳತೆ. ಅದಕ್ಕೆ ಬಟ್ಟೆ ಹೊಲಿದರೆ ತೊಡೋಕೆ ಬಂದುಬಿಡ್ತಾರೆ," ಅಂದಳು ಅಂಗಡಿಯ ಒಡತಿ ಅಜ್ಜಿ, ಬೀಗದ ಕೈ ಕೊಡುತ್ತಾ.

ಹೊಸ ಟೈಲರು ನಕ್ಕ. "ಬರಲಿ ಬಿಡಿ ಅಜ್ಜಿ. ಗಿರಾಕಿ ಯಾರಾದರೇನು?"

ಎಲ್ಲಿಂದಲೋ ಬಂದ ಇವನು ತಿಕ್ಕಲು ಅಂತ ಊರೆಲ್ಲ ಮಾತು. ಒಂದು ಕಾಲಿಗೆ ಕೆಂಪು ಚಪ್ಪಲಿ, ಇನ್ನೊಂದಕ್ಕೆ ಹಸಿರು. ಹೊಲಿಗೆ ಯಂತ್ರಕ್ಕೆ ಜೋಗುಳ ಬೇರೆ ಹಾಡುತ್ತಿದ್ದ. ಹೆಂಡತಿ ತೀರಿಕೊಂಡ ಮೇಲೆ ಅವನಿಗೆ ಉಳಿದದ್ದು ಒಂಬತ್ತು ವರ್ಷದ ಮಗಳೊಬ್ಬಳೇ. ಅವಳನ್ನು ನಗಿಸಲೆಂದೇ ಈ ಕೋತಿಚೇಷ್ಟೆ. ಅದು ಊರವರಿಗೆಲ್ಲಿ ಗೊತ್ತಾಗಬೇಕು, ಪಾಪ.

ಒಂದು ಮಧ್ಯಾಹ್ನ ಅಂಗಡಿಯ ಗಾಜಿನ ಕಪಾಟಿನಲ್ಲಿಡಲು ಪುಟ್ಟ ಫ್ರಾಕು ಬೇಕಾಯಿತು. ಅಳತೆ ಪುಸ್ತಕ ತಿರುವಿದ. ಬೇಡ ಅಂದದ್ದನ್ನೇ ಮಾಡುವ ಚಟ ಕೆಲವರಿಗೆ. ಕಪ್ಪು ದಾರವನ್ನು ಪರಪರನೆ ಬಿಚ್ಚಿದ. ಹಸಿ ಮಣ್ಣಿನ, ಸುಟ್ಟ ಕೂದಲಿನ ವಾಸನೆ ಗಪ್ಪೆಂದು ಮೂಗಿಗೆ ಬಡಿಯಿತು. ಒಳಗೆ ಐದು ವರ್ಷದ ಹುಡುಗಿಯ ಅಳತೆ. ಎದೆ ಇಪ್ಪತ್ತೆರಡು, ಉದ್ದ ಇಪ್ಪತ್ತು. ಸಂಜೆಯೊಳಗೆ ಫ್ರಾಕು ಸಿದ್ಧವಾಯಿತು.

ಅದನ್ನು ಮೊಳೆಗೆ ತೂಗುಹಾಕಿ, ಗುಂಡಿ ತರಲು ಪೇಟೆಗೆ ಹೋಗಿ ಬಂದ. ಮೊಳೆ ಖಾಲಿ. ಮಗಳು ಫ್ರಾಕು ತೊಟ್ಟು, ಗೋಡೆಯ ಕಡೆ ಮುಖ ಮಾಡಿ ನಿಂತಿದ್ದಳು.

ಐದು ವರ್ಷದವಳ ಫ್ರಾಕು. ಒಂಬತ್ತರ ಹುಡುಗಿ. ಎಲ್ಲೂ ಒಂದಿಷ್ಟೂ ಬಿಗಿಯಿಲ್ಲ.

ಅವನು ಓಡಿಹೋಗಿ ಅವಳ ಭುಜ ಹಿಡಿದ. "ಪುಟ್ಟೀ, ತೆಗಿ ಅದನ್ನ."

ಅವಳು ಅಲುಗಲಿಲ್ಲ. ಎಳೆದ. ಬರಲಿಲ್ಲ. ಬಟ್ಟೆ ಚರ್ಮದ ಹಾಗೆ ಬೆಚ್ಚಗಿತ್ತು. ದೀಪ ಆರಿತು. ಕತ್ತಲಲ್ಲಿ ಯಂತ್ರ ತಾನಾಗಿ ಟಕಟಕ ತಿರುಗಿತು. ಕತ್ತರಿ ಹುಡುಕಿದ. ಸಿಕ್ಕಿತು. ಕತ್ತರಿಸಿದ. ಕೊರಳು. ತೋಳು. ಅಂಚು. ಫ್ರಾಕು ಚಿಂದಿಯಾಗಿ ಬಿತ್ತು. ಸದ್ದು ನಿಂತಿತು. ಸದ್ಯ, ಮಗಳು ಉಸಿರಾಡುತ್ತಿದ್ದಳು. ಅವಳಿಗೆ ಶಾಲು ಸುತ್ತಿ ಎದೆಗವಚಿಕೊಂಡ.

ಅವಳು ಕೊಸರಿಕೊಂಡು, ತೊದಲುತ್ತಾ ಕೇಳಿದಳು. "ನೀವು ಯಾರು ಮಾಮ? ನಮ್ಮಮ್ಮ ಎಲ್ಲಿ?"

ಸದ್ದು ಕೇಳಿ ಓಡಿಬಂದ ಅಜ್ಜಿ ಬಾಗಿಲಲ್ಲೇ ಕುಸಿದಳು. ಐದು ವರ್ಷಕ್ಕೇ ತೀರಿಹೋದ ತನ್ನ ಮಗಳ ಧ್ವನಿ, ನಲವತ್ತು ವರ್ಷದ ಮೇಲೆ. ಹುಡುಗಿ "ಅಮ್ಮಾ" ಅಂತ ಓಡಿ ಅವಳ ಕೊರಳಿಗೆ ಜೋತುಬಿದ್ದಳು.

ಟೈಲರು ಅಜ್ಜಿಯ ಕಾಲು ಹಿಡಿದ. "ಅವಳನ್ನ ಹೋಗು ಅನ್ನಿ ಅಜ್ಜಿ. ನೀವು ಹೇಳಿದರೆ ಕೇಳ್ತಾಳೆ. ನನಗಿರೋದು ಒಬ್ಬಳೇ ಮಗಳು."

ಅಜ್ಜಿ ಬಿಕ್ಕುತ್ತಿದ್ದಳು, ತೋಳು ಮಾತ್ರ ಸಡಿಲಿಸಲಿಲ್ಲ.

"ನನಗೂ ಒಬ್ಬಳೇ ಇದ್ದಿದ್ದಪ್ಪಾ. ಅದಕ್ಕೇ ಬೇಡ ಅಂದಿದ್ದು. ಒಂದು ಸಲ ಮಣ್ಣಿಗೆ ಕೊಟ್ಟಿದ್ದೀನಿ. ಇನ್ನೊಂದು ಸಲ ಕೊಡೋಕೆ ನನ್ನ ಕೈಲಿ ಆಗಲ್ಲ."