ಮೋಡ ಬೇಡಿಕೊಂಡವಳು

“ಕಾಲು ಸ್ವಲ್ಪ ಮುಂದೆ ಚಾಚಿ,” ಎಂದಳು ಅವಳು, ತಲೆ ಎತ್ತದೆ.

ಹಿಮದ ಮೇಲೆ ಜಾರಬಾರದೆಂದು ಪ್ರವಾಸಿಗರ ಬೂಟಿಗೆ ಮುಳ್ಳಿನ ಪಟ್ಟಿ ಕಟ್ಟುವುದು ಪ್ರತಿ ಟ್ರಿಪ್ಪಿನಲ್ಲೂ ಅವಳದೇ ಕೆಲಸ. ಆಫೀಸಿನ ನೆಲದ ಮೇಲೆ ಮಂಡಿಯೂರಿ ಐದು ಜನರಿಗೆ ಕಟ್ಟಿ ಮುಗಿಸಿದ್ದಳು. ಆರನೆಯವರ ಬೂಟು ಕಣ್ಣೆದುರು ಬಂತು. ಕಂದು ಬಣ್ಣದ ಹಳೆಯ ಬೂಟು. ಲೇಸಿನ ತೂತುಗಳ ಸುತ್ತ ಬಿಳಿಯ ಹಿಟ್ಟು ಮೆತ್ತಿಕೊಂಡಿತ್ತು.

ಅವಳ ಕೈ ಅಲ್ಲೇ ನಿಂತಿತು.

ಬಂದುಬಿಟ್ಟರು... ಈ ವರ್ಷವೂ ಬಂದುಬಿಟ್ಟರು!

“ಚೆನ್ನಾಗಿದ್ದೀರಾ?” ಮೇಲಿನಿಂದ ಅದೇ ಮೆಲುದನಿ.

“ಹೂಂ. ನೀವು?”

“ಇದ್ದೀನಿ.”

ಅಷ್ಟೇ! ವರ್ಷವಿಡೀ ಮನಸ್ಸಿನಲ್ಲೇ ಮಾತಾಡಿಸಿದವನು ಎದುರಿಗೆ ಬಂದು ನಿಂತಾಗ ಬಾಯಿಂದ ಹೊರಟಿದ್ದು ಇಷ್ಟೇ. ಪ್ರವಾಸಿಗರ ಮುಂದೆ ಗಂಟೆಗಟ್ಟಲೆ ಅರಳು ಹುರಿದ ಹಾಗೆ ಮಾತಾಡುವ ಗೈಡಮ್ಮನಿಗೆ ಈಗ ನಾಲಿಗೆಯೇ ಏಳಲಿಲ್ಲ. ಪಟ್ಟಿಯನ್ನು ಬಿಗಿಯಾಗಿ ಎಳೆದು ಕಟ್ಟಿದಳು. ಸ್ವಲ್ಪ ಜಾಸ್ತಿಯೇ ಬಿಗಿಯಾಯಿತು. ಅವನು ಅದನ್ನೂ ಹೇಳಲಿಲ್ಲ.

ಅಷ್ಟರಲ್ಲಿ ವ್ಯಾನಿನ ಬೀಗದ ಕೈ ಕುಣಿಸುತ್ತ ಡ್ರೈವರ್ ಒಳಗೆ ಬಂದ.

“ಓಹೋ, ಮೋಡಪ್ಪನೋರು ಬಂದ್ರು! ಮುಗೀತು ಬಿಡಿ, ಇವತ್ತು ಆಕಾಶದಲ್ಲಿ ಒಂದು ನಕ್ಷತ್ರಾನೂ ಕಾಣಲ್ಲ!”

ಉಳಿದವರು ನಕ್ಕರು. ಅವನೂ ನಕ್ಕು, ಕೈಯಲ್ಲಿದ್ದ ತಗಡಿನ ಡಬ್ಬಿಯನ್ನು ಮೇಜಿನ ಮೇಲಿಟ್ಟ. ಒಳಗೆ ಅವನೇ ಬೇಯಿಸಿದ ಬನ್ನುಗಳು. ಅವನದು ಬೇಕರಿ ಕೆಲಸ. ಊರು ಮಲಗಿದ ಮೇಲೆ ಹಿಟ್ಟು ನಾದುವುದು, ಊರು ಏಳುವಷ್ಟರಲ್ಲಿ ಬ್ರೆಡ್ಡು ಇಳಿಸುವುದು.

ಉತ್ತರದ ಆಕಾಶದಲ್ಲಿ ಕುಣಿಯುವ ಬೆಳಕನ್ನು, ಎಲ್ಲರೂ ನಾರ್ದರ್ನ್ ಲೈಟ್ಸ್ ಅನ್ನುತ್ತಾರಲ್ಲ ಅದನ್ನು, ತೋರಿಸುವ ಆ ಪುಟ್ಟ ಕಂಪನಿ ಒಂದೇ ಮನೆಯವರದು. ಒಂದು ವ್ಯಾನು, ಗಿರಾಕಿಗಳಿಗೆ ಆರು ಸೀಟು, ಮನೆಯ ಮುಂಭಾಗದಲ್ಲೇ ಆಫೀಸು. ಅಕ್ಕನ ಗಂಡ ಡ್ರೈವರ್, ಇವಳು ಗೈಡ್. ಅಕ್ಕ ಆಸ್ಪತ್ರೆಯಲ್ಲಿ ನರ್ಸ್. ಸಂಜೆ ಡ್ಯೂಟಿಯಾದ್ದರಿಂದ ಟ್ರಿಪ್ಪಿನ ಹೊತ್ತಿಗೆ ಮನೆಯಲ್ಲಿ ಇರುತ್ತಲೇ ಇರಲಿಲ್ಲ. ಆದರೆ ಕಾನೂನೆಲ್ಲ ಅಕ್ಕನದೇ. ಗಿರಾಕಿಗಳ ಮುಂದೆ ‘ಭಾವ’, ‘ನಾದಿನಿ’ ಅನ್ನಕೂಡದು ಎಂಬುದು ಒಂದು. ಬೆಳಕು ಕಾಣದಿದ್ದವರಿಗೆ ಮತ್ತೊಂದು ಟ್ರಿಪ್ ಉಚಿತ ಎಂಬುದು ಇನ್ನೊಂದು.

ಆ ಎರಡನೇ ಕಾನೂನಿನಿಂದಲೇ ಅವನು ಮತ್ತೆ ಮತ್ತೆ ಬಂದದ್ದು.

ಮೊದಲ ವರ್ಷ ಬಂದಾಗ ಬರೀ ಮೋಡ. ಎಲ್ಲರೂ ಗೊಣಗಿದರು. ಇವನೊಬ್ಬ ಮಾತ್ರ ಬೆಂಕಿಯ ಪಕ್ಕ ಕೂತು ಅವಳ ಜೊತೆ ಲೋಟಗಳಿಗೆ ಚಹಾ ಬಗ್ಗಿಸಿದ. “ಚಿಕ್ಕಂದಿನಿಂದ ಆಸೆ. ಜನ್ಮದಲ್ಲಿ ಒಂದೇ ಒಂದು ಸಲ ನೋಡಿದ್ರೆ ಸಾಕು,” ಎಂದಿದ್ದ. ಮರುವರ್ಷ ಬಂದಾಗ ಹಿಮ ಸುರಿಯಿತು. ಆ ಸಂಜೆ ಅವಳಿಗೆ ಒಳಗೊಳಗೇ ಖುಷಿಯಾಯಿತು. ಏಕೆಂದು ಹೊಳೆದಾಗ ಗಾಬರಿಯೂ ಆಯಿತು.

ಒಂದೇ ಒಂದು ಸಲ ನೋಡಿದರೆ ಸಾಕು... ನೋಡಿದ ಮೇಲೆ?

“ಅಲ್ವೇ, ಒಂದು ಫ್ರೀ ಟ್ರಿಪ್ಪಿಗೋಸ್ಕರ ಈ ಮನುಷ್ಯ ವರ್ಷಾವರ್ಷ ವಿಮಾನದ ಟಿಕೆಟ್ ತಗೊಂಡು ಬರ್ತಾನಲ್ಲ! ಮೂಗಿಗಿಂತ ಮೂಗುತಿ ಭಾರ ಅನ್ನೋದು ಇದಕ್ಕೇ ನೋಡು,” ಎಂದು ಭಾವ ನಗುತ್ತಿದ್ದ. ಅವಳು ನಗುತ್ತಿರಲಿಲ್ಲ. ಇಷ್ಟು ದುಡ್ಡು ಸುರಿದು ಬರಬೇಕಾದರೆ ಆ ಬೆಳಕಿನ ಮೇಲೆ ಇವರಿಗೆ ಎಂಥ ಪ್ರೀತಿ ಇರಬೇಕು ಎಂದುಕೊಳ್ಳುತ್ತಿದ್ದಳು. ಬೆಳಕಿನ ಮೇಲೇ ಅವಳಿಗೆ ಹೊಟ್ಟೆಕಿಚ್ಚು!

ವ್ಯಾನು ಹೊರಟಿತು. ಚಳಿಗಾಲವಾದ್ದರಿಂದ ಮಧ್ಯಾಹ್ನ ಕಳೆಯುವುದರೊಳಗೇ ಕತ್ತಲಾಗಿತ್ತು. ಮುಂದಿನ ಸೀಟಿನಲ್ಲಿ ಕೂತು ಅವಳು ಎಂದಿನಂತೆ ಹೇಳಬೇಕಾದ್ದನ್ನೆಲ್ಲ ಹೇಳಿದಳು. ಹಿಂದೆ ನಿವೃತ್ತ ಮೇಷ್ಟ್ರು, ಅವರ ಹೆಂಡತಿ, ಮೂವರು ಗೆಳತಿಯರು, ಕೊನೆಯ ಸೀಟಿನಲ್ಲಿ ಅವನು.

“ನೀವು ನಾಲ್ಕನೇ ಸಲ ಬರ್ತಿರೋದಂತೆ?” ಮೇಷ್ಟ್ರ ಹೆಂಡತಿ ಹಿಂದೆ ತಿರುಗಿ ಕೇಳಿದರು. “ತಾಳ್ಮೆ ಮೆಚ್ಚಬೇಕಪ್ಪಾ!”

“ಇದೇ ಕೊನೆ ಅಮ್ಮಾ. ದೂರದ ಊರಲ್ಲಿ ಸ್ನೇಹಿತ ಹೊಸ ಬೇಕರಿ ಹಾಕ್ತಿದ್ದಾನೆ, ಬಾ ಅಂತ ಕರೀತಿದ್ದಾನೆ. ಸೋಮವಾರ ಅವನಿಗೆ ಹೂಂ ಅನ್ಬೇಕು. ಆಮೇಲೆ ರಜೆ ಗಿಜೆ ಏನೂ ಸಿಗಲ್ಲ.”

ಅವಳ ಕೈಯಲ್ಲಿದ್ದ ಫ್ಲಾಸ್ಕಿನ ಮುಚ್ಚಳ ಜಾರಿ ಕಾಲಬುಡಕ್ಕೆ ಬಿತ್ತು.

ಕೊನೆ ಸಲ...

ಭಾವ ಓರೆಗಣ್ಣಿನಿಂದ ನೋಡಿದ. “ಏನಾಯ್ತು ಗೈಡಮ್ಮಾ?”

“ಏನಿಲ್ಲ ಡ್ರೈವರ್ ಸಾಹೇಬ್ರೇ. ರಸ್ತೆ ನೋಡಿ.”

ಅವಳು ಕಿಟಕಿಗೆ ಹಣೆಯಿಟ್ಟು ಆಕಾಶ ನೋಡಿದಳು. ಒಂದು ಮೋಡ, ಒಂದೇ ಒಂದು ದೊಡ್ಡ ಮೋಡ ಬರಬಾರದೇ! ಕಾಣದೆ ಹೋದರೆ ಅವನಿಗೆ ಇನ್ನೊಂದು ಟ್ರಿಪ್ ಬಾಕಿ ಉಳಿಯುತ್ತದೆ. ಬಾಕಿ ಉಳಿದರೆ ಎಂದಾದರೂ ಬಂದಾನು. ಬೆಳಕು ತೋರಿಸಿ ಅನ್ನ ತಿನ್ನುವವಳು ಮೋಡಕ್ಕಾಗಿ ದೇವರಲ್ಲಿ ಬೇಡಿಕೊಂಡಳು. ದೇವರಿಗೂ ನಗು ಬಂದಿರಬೇಕು. ಆಕಾಶದ ತುಂಬ ನಕ್ಷತ್ರಗಳು ಕಿಕ್ಕಿರಿದಿದ್ದವು.

ಕಳ್ಳನ ಮನಸ್ಸು ಹುಳ್ಳುಳ್ಳಗೆ ಅನ್ನುತ್ತಾರೆ. ಅವಳ ಮನಸ್ಸೂ ಹಾಗೇ ಆಗಿತ್ತು. ಏಕೆಂದರೆ ಹೋದ ವರ್ಷ ಅವಳೊಂದು ಕೆಲಸ ಮಾಡಿದ್ದಳು. ಯಾರಿಗೂ ಹೇಳಿರಲಿಲ್ಲ, ಅಕ್ಕನಿಗೂ.

ಹೋದ ವರ್ಷ ದಾರಿಯುದ್ದಕ್ಕೂ ಮೋಡವಿತ್ತು. ಸರೋವರದ ದಂಡೆಯಲ್ಲಿ ಎಲ್ಲರೂ ಇಳಿದರು, ಅವನೊಬ್ಬ ತಲೆನೋವೆಂದು ವ್ಯಾನಿನಲ್ಲೇ ಉಳಿದ. ಆಗ ಇದ್ದಕ್ಕಿದ್ದಂತೆ ಮೋಡ ಬಿರಿದು ಬೆಳಕು ಬಂದೇಬಿಟ್ಟಿತು! ಅವಳು ಓಡಿದಳು. ಅವನನ್ನು ಎಬ್ಬಿಸಲೆಂದೇ ಓಡಿದಳು. ಗಾಜಿನಾಚೆ ಅವನು ಮುಖದ ಮೇಲೆ ಟೋಪಿ ಎಳೆದುಕೊಂಡು ಮಲಗಿದ್ದ. ಗಾಜು ತಟ್ಟಲು ಕೈ ಎತ್ತಿದಳು.

ನೋಡಿಬಿಟ್ಟರೆ ಮತ್ತೆ ಬರುವುದಿಲ್ಲ...

ಎತ್ತಿದ ಕೈ ಹಾಗೇ ಇಳಿಯಿತು. ಬೆಳಕು ಆರುವ ತನಕ ಅಲ್ಲೇ ನಿಂತಿದ್ದು ಹಿಂತಿರುಗಿದಳು. ಆಮೇಲೆ “ಅಯ್ಯೋ, ಕಣ್ಣು ಮುಚ್ಚಿ ತೆಗೆಯೋದ್ರೊಳಗೆ ಹೋಗ್ಬಿಡ್ತು, ಎಬ್ಬಿಸೋಕೇ ಆಗ್ಲಿಲ್ಲ,” ಎಂದು ಸುಳ್ಳನ್ನೂ ಹೇಳಿದಳು. ಬೇಲಿಯೇ ಎದ್ದು ಹೊಲ ಮೇಯ್ದ ಹಾಗೆ! ಅವನು “ಪರವಾಗಿಲ್ಲ ಬಿಡಿ,” ಎಂದಿದ್ದ. ಆ ಪರವಾಗಿಲ್ಲ ಅನ್ನುವ ಮಾತು ವರ್ಷವಿಡೀ ಅವಳನ್ನು ಚುಚ್ಚಿತ್ತು.

ಸರೋವರ ಬಂತು. ಭಾವ ಸೌದೆ ಒಟ್ಟಿ ಬೆಂಕಿ ಹಚ್ಚಿದ. ಅವಳು ಕ್ಯಾಮೆರಾಗಳನ್ನು ಸ್ಟ್ಯಾಂಡಿಗೆ ಬಿಗಿದು ಕೊಟ್ಟು, ಬನ್ನು ಹಂಚಿದಳು. ಹೆಪ್ಪುಗಟ್ಟಿದ ನೀರಿನ ಮೇಲೆ ಗಾಳಿ ಸುಂಯ್ಯೆನ್ನುತ್ತಿತ್ತು. ಬನ್ನು ಮೆಲ್ಲುತ್ತ ಮೇಷ್ಟ್ರು ಬಾಯಿ ತೆರೆದರು, ತೆರೆದ ಬಾಯಿ ಮುಚ್ಚಲಿಲ್ಲ.

“ಏ... ಏ ಇವಳೇ! ಅಲ್ಲಿ ನೋಡೇ!”

ಬೆಟ್ಟದ ಹಿಂದಿನಿಂದ ಹಸಿರು ಎದ್ದಿತು. ಒಗೆದ ಬಟ್ಟೆಯನ್ನು ಯಾರೋ ಝಾಡಿಸಿ ಹರವಿದಂತೆ ಆಕಾಶದ ಈ ತುದಿಯಿಂದ ಆ ತುದಿಗೆ ಅಲೆಯಲೆಯಾಗಿ ಬಿಚ್ಚಿಕೊಂಡಿತು. ಅಂಚಿನಲ್ಲಿ ಗುಲಾಬಿ. ಗೆಳತಿಯರು ಕಿರುಚಿದರು. ಮೇಷ್ಟ್ರ ಹೆಂಡತಿ ಗಂಡನ ತೋಳು ಹಿಡಿದು ಅಳತೊಡಗಿದರು.

ಅವಳು ಆಕಾಶ ನೋಡಲಿಲ್ಲ. ತಲೆಗಳನ್ನು ಎಣಿಸಿದಳು. ಒಂದು ಕಡಿಮೆ ಇತ್ತು.

ದೂರದಲ್ಲಿ ವ್ಯಾನು. ಕೊನೆಯ ಸೀಟು. ಮುಖದ ಮೇಲೆ ಟೋಪಿ.

ಸುಮ್ಮನಿದ್ದುಬಿಟ್ಟರೆ? ಅವಳ ಮನಸ್ಸು ಮೆಲ್ಲಗೆ ಕೇಳಿತು. ಇನ್ನೊಂದೇ ಸಲ ಸುಮ್ಮನಿದ್ದುಬಿಟ್ಟರೆ?

ಮರುಕ್ಷಣವೇ ತನ್ನ ಮೇಲೆ ತನಗೇ ಅಸಹ್ಯವಾಯಿತು. ಚಿಕ್ಕಂದಿನಿಂದ ಕಂಡ ಆಸೆ ಅದು. ಅವನ ಆಸೆಯನ್ನು ಕದ್ದಿಟ್ಟುಕೊಂಡು ಅವನನ್ನು ಕಾಯುವುದು ಪ್ರೀತಿಯಾ? ಹೋಗಲಿ. ಕಣ್ತುಂಬ ನೋಡಿಕೊಂಡೇ ಹೋಗಲಿ. ಮತ್ತೆ ಬರದಿದ್ದರೆ ಬೇಡ... ನೋಡಿದ ಸಂತೋಷವಾದರೂ ಅವನಿಗಿರಲಿ.

ಅವಳು ಓಡಿದಳು. ಗಾಜು ತಟ್ಟಿದಳು. ಬಾಗಿಲನ್ನು ದಡಾರನೆ ಎಳೆದಳು.

“ಏಳಿ! ಬೆಳಕು ಬಂದಿದೆ, ಏಳಿ!”

ಟೋಪಿ ಅಲುಗಲಿಲ್ಲ.

“ದಯವಿಟ್ಟು ಏಳಿ... ಆಮೇಲೆ ಎಷ್ಟು ಬೇಕಾದ್ರೂ ಬೈರಿ. ಹೋದ ವರ್ಷ ನಾನು ನಿಮ್ಮನ್ನ ಬೇಕಂತಲೇ ಎಬ್ಬಿಸ್ಲಿಲ್ಲ. ಇಲ್ಲೇ ನಿಂತಿದ್ದೆ. ನೋಡ್ಬಿಟ್ರೆ ನೀವು ಮತ್ತೆ ಬರಲ್ಲ ಅಂತ...” ಅವಳು ಮತ್ತೆ ಗಾಜು ತಟ್ಟಿದಳು. “ತಪ್ಪಾಯ್ತು. ಈಗಲಾದ್ರೂ ನೋಡಿ!”

ಟೋಪಿಯ ಅಡಿಯಿಂದ ದನಿ ಬಂತು.

“ಗೊತ್ತು.”

“ಏನು... ಏನು ಗೊತ್ತು?”

“ನೀವು ನಿಂತಿದ್ದು.” ಅವನು ಟೋಪಿ ತೆಗೆದ. ಕಣ್ಣಲ್ಲಿ ನಿದ್ದೆಯ ಸುಳಿವೇ ಇರಲಿಲ್ಲ. “ರಾತ್ರಿಯೆಲ್ಲ ಎದ್ದಿದ್ದು ಬ್ರೆಡ್ ಬೇಯಿಸಿ, ಹಗಲು ಮಲಗೋನು ನಾನು. ಸಂಜೆ ಹೊತ್ತಲ್ಲಿ ನನಗೆಲ್ಲಿಂದ ಬರುತ್ತೆ ನಿದ್ದೆ?”

ಅವಳು ಒಂದು ಹೆಜ್ಜೆ ಹಿಂದೆ ಸರಿದಳು.

“ಹೋದ ವರ್ಷ ನಿಮ್ಮ ಹೆಜ್ಜೆ ಸದ್ದು ಬಾಗಿಲವರೆಗೂ ಬಂತು. ವಾಪಸ್ ಹೋಗೋಕೆ ತುಂಬಾ ಹೊತ್ತು ತಗೊಂಡ್ತು. ನಾನು ಕಣ್ಣು ಬಿಡ್ಲಿಲ್ಲ. ನೋಡಿದ್ರೆ ಮತ್ತೆ ಬರೋಕೆ ನನಗೆ ನೆಪ ಎಲ್ಲಿತ್ತು? ಇವತ್ತೂ ಅಷ್ಟೇ, ನೋಡಿಬಿಟ್ರೆ ಎಲ್ಲ ಮುಗಿದೇ ಹೋಗುತ್ತೆ ಅನ್ನಿಸ್ತು.”

ಅವಳಿಗೆ ಏಕೋ ಸಿಟ್ಟೇ ಬಂತು. ಸಿಟ್ಟಿನ ಜೊತೆಗೆ ಕಣ್ಣೀರೂ ಬಂತು.

“ಹಾಗಾದ್ರೆ ಇದೇ ಕೊನೆ ಅಂದಿದ್ಯಾಕೆ? ದೂರದ ಊರಿಗೆ ಹೋಗ್ತಿರೋದ್ಯಾಕೆ?”

ಅವನು ತಲೆ ತಗ್ಗಿಸಿದ. “ತಪ್ಪಲ್ವಾ? ನಿಮ್ಮದೊಂದು ಸಂಸಾರ ಇದೆ. ವರ್ಷಕ್ಕೊಂದು ಸಲ ದೂರದಿಂದ ನೋಡ್ಕೊಂಡು ಹೋದ್ರೆ ಯಾರಿಗೇನು ನಷ್ಟ ಅಂದ್ಕೊಂಡಿದ್ದೆ. ಹೋದ ವರ್ಷ ನೀವು ಎಬ್ಬಿಸದೆ ನಿಂತ್ರಲ್ಲ, ಆಗ ಭಯ ಆಯ್ತು. ನನ್ನಿಂದ ನಿಮ್ಮ ಮನಸ್ಸೂ ಕೆಟ್ಟು ಹೋಗುತ್ತೆ ಅಂತ. ಗಂಡ ಒಳ್ಳೇ ಮನುಷ್ಯ, ಮುದ್ದಾದ ಮಗು...”

“ಯಾರ ಗಂಡ?”

“ಡ್ರೈವರ್...”

“ಏನು!”

“ಮೊದಲನೇ ವರ್ಷ ಟ್ರಿಪ್ ಮುಗಿದ ಮೇಲೆ ನಾನು ಆಫೀಸಿಗೆ ವಾಪಸ್ ಬಂದಿದ್ದೆ. ನಿಮ್ಮ ಹತ್ರ ಒಂದು ಮಾತು ಹೇಳೋದಿತ್ತು. ಅವರು ಮಗೂನ ಎತ್ಕೊಂಡಿದ್ರು, ನೀವು ಅದಕ್ಕೆ ಮಫ್ಲರ್ ಸುತ್ತುತ್ತಿದ್ರಿ. ಮೂರು ಜನಾನೂ ನಗ್ತಾ ಒಳಗೆ ಹೋಗಿ ಬಾಗಿಲು ಹಾಕ್ಕೊಂಡ್ರಿ. ನಾನು ಬೀದಿ ತುದಿಯಿಂದಲೇ ತಿರುಗಿ ಹೋದೆ.”

ಅವಳು ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಳು. ನಗುವೋ ಅಳುವೋ ಅವಳಿಗೇ ತಿಳಿಯಲಿಲ್ಲ.

“ಅಯ್ಯೋ ದೇವರೇ! ಅವರು ನನ್ನ ಭಾವ ಕಣ್ರೀ! ಅಕ್ಕನ ಗಂಡ! ಅದು ಅಕ್ಕನ ಮಗಳು. ಗಿರಾಕಿಗಳ ಮುಂದೆ ಭಾವ ಅನ್ನಬಾರ್ದು ಅಂತ ಅಕ್ಕ ಮಾಡಿದ ಕಾನೂನು... ಹಾಳು ಕಾನೂನು!” ಅವಳು ಬಾಗಿಲಿಗೊಂದು ಗುದ್ದಿದಳು. “ಒಂದು ಮಾತು ಕೇಳಬಾರದಿತ್ತಾ ನೀವು?”

“ಒಂದು ಸಲ ಎಬ್ಬಿಸಬಾರದಿತ್ತಾ ನೀವು?”

ಮೂರು ಚಳಿಗಾಲಗಳು ವ್ಯರ್ಥವಾಗಿ ಕಳೆದಿದ್ದವು. ಆದರೆ ಅವನು ಎದುರಿಗೇ ಇದ್ದ, ಎಚ್ಚರವಾಗಿದ್ದ, ಅವಳನ್ನೇ ನೋಡುತ್ತಿದ್ದ.

“ಇಳೀರಿ,” ಎಂದಳು ಕಣ್ಣೊರೆಸಿಕೊಂಡು. “ಆರಿಹೋಗುತ್ತೆ.”

“ಆರಲಿ ಬಿಡಿ.”

“ಆಗಲ್ಲ. ನಾನು ಗೈಡು. ತೋರಿಸದೆ ಬಿಡಲ್ಲ.”

ಅವನ ತೋಳು ಹಿಡಿದು ಎಳೆದೇ ಇಳಿಸಿದಳು. ಅವನು ತಲೆ ಎತ್ತಿ ನೋಡಿದ. ಹಸಿರು ಇನ್ನೂ ಇತ್ತು, ಸ್ವಲ್ಪ ತೆಳುವಾಗಿ, ನಿಧಾನವಾಗಿ ತೂಗುತ್ತಿತ್ತು. ಚಿಕ್ಕಂದಿನ ಆಸೆ ಅವನ ಮುಖದ ಮೇಲೆ ಹಾಯ್ದುಹೋದದ್ದನ್ನು ಅವಳು ಪಕ್ಕದಿಂದ ನೋಡಿದಳು. ತೋಳು ಹಿಡಿದಿದ್ದ ಅವಳ ಕೈಯ ಮೇಲೆ ಅವನು ತನ್ನ ಕೈಯಿಟ್ಟ.

“ಗೈಡಮ್ಮಾ! ಗ್ರೂಪ್ ಫೋಟೋ!” ಬೆಂಕಿಯ ಹತ್ತಿರದಿಂದ ಭಾವ ಕೂಗಿದ. ಇಬ್ಬರನ್ನೂ ನೋಡಿದ. ಒಂದು ಕ್ಷಣ ಕಣ್ಣು ಕಿರಿದು ಮಾಡಿದ. “ಆಯ್ತಾಯ್ತು, ನಾನೇ ತೆಗೀತೀನಿ!” ಎಂದು ಬೆನ್ನು ತಿರುಗಿಸಿದ.

ಬೆಳಕು ಬೆಟ್ಟದ ಹಿಂದೆ ಇಳಿಯತೊಡಗಿತು. ಇಬ್ಬರೂ ನಿಂತಲ್ಲೇ ನಿಂತಿದ್ದರು.

“ನಿಮ್ಮನ್ನ ನಾನು ಹಗಲಲ್ಲಿ ನೋಡೇ ಇಲ್ಲ,” ಎಂದ ಅವನು. “ಬೇಸಿಗೇಲಿ ಏನ್ಮಾಡ್ತೀರಾ?”

“ಬೇಸಿಗೇಲಿ ಇಲ್ಲಿ ಕತ್ತಲೇ ಆಗಲ್ಲ. ಬೆಳಕು ನೋಡೋಕೆ ಯಾರೂ ಬರಲ್ಲ, ಟ್ರಿಪ್ಪೂ ಇಲ್ಲ.”

“ಮತ್ತೆ ಬೇಸಿಗೇಲಿ ಬಂದ್ರೆ ನೋಡೋಕೆ ಏನಿರುತ್ತೆ?”

“ಏನೂ ಇರಲ್ಲ.” ಅವಳು ಅವನ ಕಡೆ ತಿರುಗಿದಳು. “ನಾನಿರ್ತೀನಿ.”

“ಹಾಗಾದ್ರೆ ಬೇಸಿಗೆಗೆ ಬರ್ತೀನಿ.”

“ಬರ್ಬೇಕು ಅಂದ್ರೆ ಮೊದ್ಲು ಹೋಗ್ಬೇಕಲ್ಲ...” ಅವಳ ದನಿ ಅವಳಿಗೇ ಕೇಳಿಸದಷ್ಟು ಮೆಲ್ಲಗಿತ್ತು. “ಹೋಗ್ಲೇಬೇಕಾ?”

“ಇಲ್ಲಿಯವರಿಗೆ ಬ್ರೆಡ್ಡು ಬೇಕಾಗುತ್ತಾ?”

“ದಿನಾ ಬೇಕಾಗುತ್ತೆ,” ಎಂದಳು ಅವಳು.