ಕೋಟೆಯ ಹೊರಗಿನ ಅಣ್ಣ

“ಬರೀಬ್ಯಾಡ ಶಾಂತಲಾ! ಆ ಸಾಲು ಬರೀಬ್ಯಾಡ... ಅವನು ಸಾಯಬಾರದು!”

ವಿರೂಪಾಕ್ಷಪ್ಪನವರ ಕೂಗಿಗೆ ಅಡುಗೆಮನೆಯಲ್ಲಿ ರೊಟ್ಟಿ ತಟ್ಟುತ್ತಿದ್ದ ನಿರ್ಮಲಮ್ಮನ ಕೈ ನಿಂತಿತು. ಹಿಟ್ಟಿನ ಕೈಯಲ್ಲೇ ಪಡಸಾಲೆಗೆ ಓಡಿ ಬಂದರೆ, ಗಂಡ ಕುರ್ಚಿಯ ತೋಳು ಹಿಡಿದು ಅರ್ಧ ಎದ್ದಿದ್ದರು. ಸೊಸೆ ಶಾಂತಲಾ ಪೆನ್ನು ಎತ್ತಿ ಹಿಡಿದು ದಿಕ್ಕು ತೋಚದೆ ಕುಳಿತಿದ್ದಳು.

ವಿರೂಪಾಕ್ಷಪ್ಪನವರು ಹೊನ್ನಾಳಿಯಲ್ಲಿ ಮೂವತ್ತು ವರ್ಷ ಕಾಲೇಜು ಮಕ್ಕಳಿಗೆ ಚರಿತ್ರೆ ಪಾಠ ಹೇಳಿದವರು. ನಿವೃತ್ತರಾದ ಮೇಲೆ ಅವರಿಗೆ ಹಿಡಿದ ಹುಚ್ಚು ಒಂದೇ. ನಾನೂರೈವತ್ತು ವರ್ಷಗಳ ಹಿಂದೆ, ಫ್ರಾನ್ಸ್ ದೇಶದಲ್ಲಿ ಒಂದೇ ದೇವರ ಹೆಸರಿನಲ್ಲಿ ಎರಡು ಪಂಥದವರು ಕಡಿದಾಡುತ್ತಿದ್ದ ಕಾಲದಲ್ಲಿ ಬದುಕಿದ್ದ ಎತಿಯೆನ್ ಎಂಬ ಜಹಗೀರುದಾರನ ಜೀವನವನ್ನು ಕನ್ನಡದಲ್ಲಿ ಬರೆಯಬೇಕು! ಕಣ್ಣು ಮಂಜಾದ ಮೇಲೆ ಅವರು ಹೇಳುವುದು, ಶಾಂತಲಾ ಬರೆಯುವುದು. ಒಲೆಯ ಮುಂದೆ ಕೂತೇ ಕೇಳಿ ಕೇಳಿ ನಿರ್ಮಲಮ್ಮನಿಗೂ ಆ ದೂರದೇಶದ ಮನೆತನ ನೆಂಟರಷ್ಟು ಪರಿಚಯವಾಗಿತ್ತು. ಎತಿಯೆನ್ ತಂದೆಯ ಕಾಲದ ಪಂಥವನ್ನು ಬಿಡಲಿಲ್ಲ. ತಮ್ಮ ಲೂಕ್ ಹೊಸ ಪಂಥ ಸೇರಿದ. ಒಂದೇ ತಟ್ಟೆಯಲ್ಲಿ ಉಂಡವರು ಒಬ್ಬರ ಮುಖ ಒಬ್ಬರು ನೋಡದಾದರು. ಕೊನೆಗೆ ದೊರೆಯ ಅಪ್ಪಣೆಯಂತೆ ಎತಿಯೆನ್ ಒಂದು ಊರಿನ ಕೋಟೆಗೆ ಮುತ್ತಿಗೆ ಹಾಕಿದ. ಒಳಗೆ ಲೂಕ್ ಇದ್ದ, ಹೆಂಡತಿ ಮತ್ತು ಎರಡು ಮಕ್ಕಳೊಂದಿಗೆ.

“ಮಾವ, ಲೂಕ್ ಹಸಿವಿನಿಂದ ಸತ್ತ ಅಂತ ನೀವೇ ಹೇಳಿದ್ರಿ. ನೀವು ಓದಿದ ಪುಸ್ತಕದಾಗೂ ಹಂಗೇ ಐತೆ ಅಂದ್ರಿ,” ಎಂದಳು ಶಾಂತಲಾ ಮೆಲ್ಲಗೆ.

“ಐತಮ್ಮ, ಐತೆ... ನಾಲ್ಕು ತಿಂಗಳು ಆ ಮನುಷ್ಯ ಕೋಟೆ ಹೊರಗೆ ಡೇರೆ ಹಾಕ್ಕೊಂಡು ಕುಂತಿದ್ದ. ಒಂದು ಕಾಗದ ಬರೆದಿದ್ರೆ ಸಾಕಿತ್ತು. ತಮ್ಮನೇ ಮೊದಲು ಬರೀಲಿ ಅಂತ ಕಾದ. ರಾಜಿಯಾಗಿ ಬಾಗಿಲು ತೆಗೆದಾಗ ಗಾಡಿ ತುಂಬ ರೊಟ್ಟಿ ಹೇರ್ಕೊಂಡು ಒಳಗೆ ಹೋದ... ತಮ್ಮನನ್ನ ಮಣ್ಣು ಮಾಡಿ ಮೂರು ದಿನ ಆಗಿತ್ತು! ನನ್ನ ತಮ್ಮ ಗುರುಬಸು ಬಸವಾಪಟ್ಟಣದಾಗೆ ಹೆಂಗವನೋ... ಹತ್ತು ವರ್ಷ ಆತು. ಅವನೇ ಮೊದಲು ಬರ್ಲಿ ಅಂತ ನಾನೂ ಕುಂತೀನಲ್ಲ!”

ನಿರ್ಮಲಮ್ಮನಿಗೆ ಆ ದಿನ ಕಣ್ಣ ಮುಂದೆ ಬಂತು.

ಹತ್ತು ವರ್ಷಗಳ ಹಿಂದೆ ಬಸವಾಪಟ್ಟಣದ ಮನೆಯಲ್ಲಿ ಅತ್ತೆ ಕೊಟ್ರಮ್ಮ ತೀರಿಕೊಂಡ ದಿನ! ಆ ಹೊತ್ತಿಗಾಗಲೇ ಅಣ್ಣ ಒಂದು ಮಠಕ್ಕೆ, ತಮ್ಮ ಗುರುಬಸವರಾಜ್ ಇನ್ನೊಂದು ಮಠಕ್ಕೆ ನಡೆದುಕೊಳ್ಳುತ್ತಿದ್ದರು. ಯಾವ ಸ್ವಾಮಿಗಳು ಬಂದು ಕೊನೆಯ ಪೂಜೆ ಮಾಡಬೇಕೆಂಬ ಮಾತಿಗೆ ಅಣ್ಣತಮ್ಮಂದಿರು ಹೆತ್ತವಳ ಶವದ ಮುಂದೆಯೇ ಕೈ ಕೈ ಮಿಲಾಯಿಸಿದರು. ಸಮಾಧಿಗೆಂದು ಪದ್ಧತಿಯಂತೆ ಕೂರಿಸಿದ್ದ ಆ ತಾಯಿ ಬೆಳಗಿನಿಂದ ಸಂಜೆಯವರೆಗೆ ಅಂಗಳದಲ್ಲಿ ಕುಳಿತೇ ಇದ್ದಳು, ಹಣೆಯ ವಿಭೂತಿ ಬೆವರಿನಂತೆ ಇಳಿಯುತ್ತಿತ್ತು. ಕೊನೆಗೆ ಊರಿನವರು ಹಿರಿಯ ಮಗನ ಮಾತನ್ನೇ ನಡೆಸಿದರು. ಗುರುಬಸವರಾಜ್ ಒಂದು ಹಿಡಿ ಮಣ್ಣನ್ನೂ ಹಾಕದೆ ಎದ್ದು ಹೋದ.

ಆದರೆ ಹಿಂದಿನ ದಿನ ಮಧ್ಯಾಹ್ನ ಅತ್ತೆ ಆಡಿದ ಮಾತು ನಿರ್ಮಲಮ್ಮನೊಬ್ಬಳಿಗೇ ಗೊತ್ತಿತ್ತು.

“ರೀ...” ಆಕೆ ಗಂಡನ ಕಾಲ ಬಳಿ ಕುಸಿದಳು. “ನಾನು ಪಾಪಿ ಕಣ್ರೀ! ಅತ್ತೆ ನನ್ನ ಕೈ ಹಿಡ್ಕೊಂಡು ಹೇಳಿದ್ರು... ‘ನಿಮ್ಮಿ, ಯಾವ ಸ್ವಾಮೇರು ಬಂದ್ರೂ ನನಗೆ ಒಂದೇ. ಹುಡುಗ್ರು ಜಗಳ ಆಡಾಕೆ ಬಿಡಬ್ಯಾಡ, ನಾನು ಹಿಂಗಂದೆ ಅಂತ ಹೇಳು’ ಅಂತ. ನಾನು ಹೇಳಲಿಲ್ಲ!”

“ಯಾಕೆ?” ಎಂದರು ವಿರೂಪಾಕ್ಷಪ್ಪ. ಆ ಒಂದು ಮಾತು ಕೂಗಿಗಿಂತ ಭಾರವಾಗಿತ್ತು.

“ಅತ್ತೆ ಹೋದ ದಿನ ಬೆಳಿಗ್ಗೆ ನಿಮ್ಮ ತಮ್ಮ ಎಲ್ಲರ ಮುಂದೆ ಅಂದ್ರು, ‘ನಮ್ಮವ್ವನ ಹೇಲು ಉಚ್ಚೆ ಬಳಿದೋಳು ನನ್ನ ಹೆಂಡ್ತಿ ಶಿವಲೀಲಾ, ಅತ್ತಿಗೆ ಹಬ್ಬಕ್ಕೆ ಬರೋ ನೆಂಟರು’ ಅಂತ. ಆ ಮಾತು ನಿಜಾನೇ ಆಗಿತ್ತು, ಅದಕ್ಕೇ ಉರೀತು. ಬಡಿದಾಡಲಿ ಅಂತ ಬಾಯಿ ಮುಚ್ಕೊಂಡೆ. ಒಂದಿನ ತಡ ಆತು, ಒಂದು ವರ್ಷ ಆತು... ಆಮೇಲೆ ಹೇಳಾಕೆ ಧೈರ್ಯ ಬರಲಿಲ್ಲ!”

ಶಾಂತಲಾ ಸೆರಗು ಬಾಯಿಗೊತ್ತಿಕೊಂಡಳು. ಗಂಡ ಬೈಯುತ್ತಾರೆ, ಎದ್ದು ಹೋಗುತ್ತಾರೆ ಎಂದು ನಿರ್ಮಲಮ್ಮ ತಲೆ ತಗ್ಗಿಸಿ ಕಾದಳು. ಅವರ ಕೈ ತಡವರಿಸುತ್ತಾ ಬಂದು ಅವಳ ತಲೆಯ ಮೇಲೆ ಕೂತಿತು.

“ನೀನು ಹೇಳಿದ್ರೂ ಅವತ್ತು ನಾನು ಕೇಳ್ತಿದ್ನೋ ಇಲ್ಲೋ... ಬಸವಾಪಟ್ಟಣಕ್ಕೆ ಬಸ್ಸು ಎಷ್ಟೊತ್ತಿಗೈತೆ?”

ಬಸ್ಸಿನಲ್ಲಿ ಗಂಡನ ತೋಳು ಹಿಡಿದು ಕೂತ ನಿರ್ಮಲಮ್ಮ ಅರ್ಧ ದಾರಿಯಲ್ಲಿ ಕೇಳಿದಳು: “ಆ ಫ್ರಾನ್ಸಿನ ಮನುಷ್ಯ... ಆಮೇಲೆ ಏನ್ ಮಾಡಿದ?”

“ಕತ್ತಿ ಬಿಚ್ಚಿಟ್ಟ. ತಮ್ಮನ ಹೆಂಡ್ತಿ ಮಕ್ಕಳನ್ನ ಮನೆಗೆ ಕರ್ಕೊಂಡು ಬಂದ. ಮಕ್ಕಳನ್ನ ಅವರ ಅಪ್ಪನ ಪಂಥದಾಗೇ ಬೆಳೆಸಿದ. ‘ಶತ್ರುಗಳ ಮಕ್ಕಳನ್ನ ಸಾಕ್ತಾನೆ’ ಅಂತ ಸ್ವಂತ ಜನಾನೇ ಅವನ ಮನೆ ಕಡೆ ಹೋಗೋದು ಬಿಟ್ರು. ಅವನು ತಲೆ ಕೆಡಿಸ್ಕೊಳ್ಳಲಿಲ್ಲ. ಮುದುಕನಾಗಿ ಆ ಮಕ್ಕಳ ತೊಡೆ ಮ್ಯಾಲೇ ಪ್ರಾಣ ಬಿಟ್ಟ.”

ಬಸವಾಪಟ್ಟಣದ ಮನೆಯ ಬಾಗಿಲು ತೆರೆದವಳು ಶಿವಲೀಲಾ. ಹಿಂದೆಯೇ ಬಂದ ಗುರುಬಸವರಾಜ್ ಅಣ್ಣನನ್ನು ಕಂಡು ಕಂಬದಂತೆ ನಿಂತ. ಗಂಡ ಬಾಯಿ ತೆರೆಯುವ ಮುನ್ನವೇ ನಿರ್ಮಲಮ್ಮ ಹೊಸ್ತಿಲಾಚೆ ನಿಂತೇ ಎಲ್ಲವನ್ನೂ ಹೇಳಿದಳು. ಒಂದು ಮಾತನ್ನೂ ಮುಚ್ಚಲಿಲ್ಲ, ತನಗೆ ಅನುಕೂಲವಾಗುವಂತೆ ತಿರುಚಲಿಲ್ಲ.

ಗುರುಬಸವರಾಜನ ಮುಖ ಕೆಂಪಾಯಿತು. “ನಮ್ಮವ್ವನಿಗೆ ಒಂದು ಹಿಡಿ ಮಣ್ಣು ಹಾಕಲಿಲ್ಲ ಅಂತ ಹತ್ತು ವರ್ಷ ಬೆಂದೀನಿ ಅತ್ತಿಗೆ! ನಿಮ್ಮನ್ನ ಕ್ಷಮಿಸೀನಿ ಅಂತ ಇವತ್ತು ಹೇಳಾಕೆ ನನ್ನ ಕೈಲಿ ಆಗಾಕಿಲ್ಲ!”

“ಬ್ಯಾಡಪ್ಪ. ನನ್ನನ್ನ ಕ್ಷಮಿಸಬ್ಯಾಡ,” ಎಂದಳು ನಿರ್ಮಲಮ್ಮ. “ಅಣ್ಣನ ಜತೆ ಮಾತಾಡು. ಕಣ್ಣು ಕಾಣಲ್ಲ ಅವರಿಗೆ... ನೀನು ಅಲ್ಲಿ ನಿಂತ್ರೆ ಗೊತ್ತಾಗಲ್ಲ.”

ಗುರುಬಸವರಾಜ್ ಬೆಚ್ಚಿ ಅಣ್ಣನ ಮುಖ ನೋಡಿದ. ವಿರೂಪಾಕ್ಷಪ್ಪ ಬಾಗಿಲ ಬಲಗಡೆಗೆ, ಯಾರೂ ಇಲ್ಲದ ಕಡೆಗೆ ತಿರುಗಿ ನಗುತ್ತಾ ನಿಂತಿದ್ದರು. “ಗುರುಬಸೂ, ಚೆನ್ನಾಗಿದ್ದೀಯೇನೋ?” ಎಂದರು ಆ ಖಾಲಿ ಗೋಡೆಗೆ.

“ಅಯ್ಯೋ ಅಣ್ಣಾ!” ಎಂದು ಧಾವಿಸಿ ಬಂದವನೇ ಅವರನ್ನು ಅಪ್ಪಿಕೊಂಡ. ಇಬ್ಬರು ಮುದುಕರೂ ಮಕ್ಕಳಂತೆ ಬಿಕ್ಕಿ ಬಿಕ್ಕಿ ಅತ್ತರು...

ನಿರ್ಮಲಮ್ಮ ಹಿಂದೆ ಸರಿದು ಜಗಲಿಯ ತುದಿಗೆ ಹೋಗಿ ಕುಳಿತಳು. ಒಳಗೆ ಕರೆಯುವ ಹಕ್ಕು ಅವರದು, ಕಾಯುವುದಷ್ಟೇ ತನ್ನದು ಎಂದುಕೊಂಡಳು. ಸ್ವಲ್ಪ ಹೊತ್ತಿಗೆ ಶಿವಲೀಲಾ ಬಂದು ಪಕ್ಕದಲ್ಲಿ ಕುಳಿತು, ಓರಗಿತ್ತಿಯ ಕೈಯನ್ನು ತನ್ನ ಮಡಿಲಿಗೆ ಎಳೆದುಕೊಂಡಳು.

ಒಳಗಿನಿಂದ ಮಾತು ಕೇಳಿಸುತ್ತಿತ್ತು. ಹತ್ತು ವರ್ಷಗಳ ಮಾತಿತ್ತು. ಎಲ್ಲಿಂದ ಶುರು ಮಾಡಬೇಕೋ ತಿಳಿಯದೆ, ಅಣ್ಣತಮ್ಮಂದಿರು ಮಂಡಿನೋವಿನಿಂದ ಶುರು ಮಾಡಿದ್ದರು.